ಹೊತ್ತೊಯ್ಯಲಾಗದ ಗೋಡೆ

ಹುತ್ತದ ಮಣ್ಣು, ತಾಳೆ ಎಣ್ಣೆ, ಒಂದಿಷ್ಟು ನಾರು. ಅಬೊಮೆಯ ಅರಮನೆ ಗೋಡೆಗಳ ಮೇಲಿನ ಸಿಂಹ, ಶಾರ್ಕ್, ಕಾಡುಕೋಣ, ಹಾಯಿಹಡಗು, ಬಂದೂಕು ಹಿಡಿದ ಹೆಂಗಸರು ಎಲ್ಲ ಎದ್ದು ನಿಂತದ್ದು ಇಷ್ಟರಿಂದಲೇ. ಗೋಡೆಯಲ್ಲಿ ಒಂದು ಚೌಕದ ಗೂಡು. ಅದರೊಳಗೆ ಹದ ಮಾಡಿದ ಮಣ್ಣನ್ನು ಮೆತ್ತಿ, ಒತ್ತಿ, ಬೇಕಾದ ಆಕಾರವನ್ನು ಉಬ್ಬಿಸುತ್ತಿದ್ದರು. ಒಣಗಿದ ಮೇಲೆ ಬಣ್ಣ. ಗೆದ್ದಲು ಅರೆದು ನುಣ್ಣಗೆ ಮಾಡಿಟ್ಟ ಮಣ್ಣಿಗೆ ಅಂಟು ಜಾಸ್ತಿ, ಬಿರುಕು ಕಡಿಮೆ. ನೀರು ಒಳಗಿಳಿಯದಂತೆ ಎಣ್ಣೆ ತಡೆಯುತ್ತದೆ. ನಾರು ಎಲ್ಲವನ್ನೂ ಹಿಡಿದಿಡುತ್ತದೆ. ಕಲ್ಲು ಕೆತ್ತುವವನು ಬೇಡದ್ದನ್ನು ತೆಗೆಯುತ್ತಾ ಹೋಗುತ್ತಾನೆ, ಈ ಕೆಲಸದವರು ಬೇಕಾದ್ದನ್ನು ಸೇರಿಸುತ್ತಾ ಹೋಗುತ್ತಿದ್ದರು. ತಪ್ಪಿದರೆ ಒದ್ದೆ ಕೈಯಲ್ಲಿ ಒಮ್ಮೆ ಸವರಿದರಾಯಿತು.

ಅಬೊಮೆ ಇರುವುದು ಪಶ್ಚಿಮ ಆಫ್ರಿಕಾದ ಬೆನಿನ್ ದೇಶದಲ್ಲಿ, ಕಡಲಿನಿಂದ ಸುಮಾರು ನೂರು ಕಿಲೋಮೀಟರ್ ಒಳಗೆ. ಅದು ಫೊನ್ ಜನರ ದಹೊಮೆ ರಾಜ್ಯದ ರಾಜಧಾನಿಯಾಗಿತ್ತು. 17ನೇ ಶತಮಾನದಿಂದ 1900ರ ತನಕ ಒಂದೇ ವಂಶದವರು ಆಳಿದರು. ಪ್ರತಿ ಹೊಸ ರಾಜ ಹಿಂದಿನವನ ಅರಮನೆಯಲ್ಲಿ ಇರದೆ ಅದಕ್ಕೆ ತಾಗಿಕೊಂಡೇ ತನ್ನದನ್ನು ಕಟ್ಟಿಸಿಕೊಳ್ಳುತ್ತಿದ್ದ. ಹೀಗೆ ಬೆಳೆದ ಅರಮನೆಗಳ ಹಿಂಡು ಇವತ್ತು 47 ಹೆಕ್ಟೇರ್ ಆವರಿಸಿದೆ. ಅಂಗಳ ದಾಟಿದರೆ ಅಂಗಳ, ಗೋಡೆ ದಾಟಿದರೆ ಗೋಡೆ. ಒಳಗಿನ ಅಂಗಳಕ್ಕೆ ಮುಖ ಮಾಡಿ, ಸಾಲು ಸಾಲು ಬಾಗಿಲುಗಳಿರುವ ಉದ್ದನೆಯ ಸಭಾಮಂದಿರ. ಅದನ್ನು ಅಲ್ಲಿ ಅಜಲಾಲಾ ಎನ್ನುತ್ತಾರೆ. ರಾಜ ಜನರನ್ನು ಕಾಣುತ್ತಿದ್ದುದು ಅಲ್ಲಿ. ಉಬ್ಬುಶಿಲ್ಪಗಳಿದ್ದುದೂ ಹೆಚ್ಚಾಗಿ ಅದರ ಹೊರಗೋಡೆಯ ಮೇಲೆ, ಎರಡು ಬಾಗಿಲುಗಳ ನಡುವಿನ ಜಾಗದಲ್ಲಿ. ರಾಜನ ಅಪ್ಪಣೆಗಾಗಿ ಬಿಸಿಲಲ್ಲಿ ಕಾಯುತ್ತಾ ಕೂತವನಿಗೆ ನೋಡಲು ಬೇರೆ ಏನೂ ಇರುತ್ತಿರಲಿಲ್ಲ. ಯಾರಿಗೆ ತೋರಿಸಬೇಕು, ಯಾವಾಗ ತೋರಿಸಬೇಕು ಎಂಬುದನ್ನು ಲೆಕ್ಕ ಹಾಕಿಯೇ ಮಾಡಿದ ಜಾಗ ಅದು.

ನನಗೆ ಇದೆಲ್ಲ ಬಹಳ ತಡವಾಗಿ ಗೊತ್ತಾಯಿತು. ಕಾಲೇಜಿನಲ್ಲಿ ನಾವು ಓದಿದ ಕಲಾ ಇತಿಹಾಸದಲ್ಲಿ ಆಫ್ರಿಕಾ ಬರುತ್ತಿದ್ದುದು ಪಿಕಾಸೊನ ಅಧ್ಯಾಯದಲ್ಲಿ ಮಾತ್ರ. 1907ರಲ್ಲಿ ಆತ ಪ್ಯಾರಿಸ್ಸಿನ ಟ್ರೊಕಾಡೆರೊ ಜನಾಂಗ ವಸ್ತುಸಂಗ್ರಹಾಲಯಕ್ಕೆ ಹೋದ, ಮುಖವಾಡಗಳನ್ನು ನೋಡಿದ, ಬೆಚ್ಚಿದ, ರೂಪಗಳನ್ನು ಕೋನಗಳಾಗಿ ಒಡೆದು ಚಿತ್ರಿಸುವ ಕ್ಯೂಬಿಸಂ ಹುಟ್ಟಿತು. ಮುಖವಾಡ ಮಾಡಿದವರು ಯಾರು, ಅದು ಪ್ಯಾರಿಸ್ಸಿಗೆ ಬಂದದ್ದು ಹೇಗೆ ಎಂದು ಮೇಷ್ಟ್ರೂ ಹೇಳಲಿಲ್ಲ, ನಾವೂ ಕೇಳಲಿಲ್ಲ. ಆಫ್ರಿಕಾದ ಕಲೆ ಎಂದರೆ ಮುಖವಾಡ, ಮರದ ಗೊಂಬೆ, ಆಮೇಲೆ ಒಂದಿಷ್ಟು ಕಂಚು. ಗೋಡೆ ಎಂಬುದು ಆ ಕತೆಯಲ್ಲಿ ಇರಲೇ ಇಲ್ಲ. ಗೋಡೆ ಇಲ್ಲ ಎಂದರೆ ಅರಮನೆ ಇಲ್ಲ, ಅರಮನೆ ಇಲ್ಲ ಎಂದರೆ ರಾಜಕೀಯ ಇಲ್ಲ, ಇತಿಹಾಸ ಇಲ್ಲ. ಕಾಡಿನ ನಡುವಿಂದ ಎದ್ದು ಬಂದ ಹಾಗೆ ಬರೀ ಮುಖವಾಡಗಳು.

ಆಮೇಲೆ ಕೆಲಸದ ಮೇಲೆ ಪ್ಯಾರಿಸ್ಸಿಗೆ ಹೋಗಿದ್ದಾಗ ಕೇ ಬ್ರಾನ್ಲಿ ವಸ್ತುಸಂಗ್ರಹಾಲಯದಲ್ಲಿ ಅಬೊಮೆಯ ಮೂರು ಮರದ ಪ್ರತಿಮೆಗಳನ್ನು ನೋಡಿದೆ. ಆಗ ಅವಿನ್ನೂ ಅಲ್ಲಿದ್ದವು. ಆಳೆತ್ತರದ ಮೈಗಳು. ಒಬ್ಬನಿಗೆ ಸಿಂಹದ ತಲೆ, ಮುಷ್ಟಿ ಬಿಗಿದು ಎತ್ತಿದ ಕೈಗಳು. ಇನ್ನೊಬ್ಬನ ಮೈಯೆಲ್ಲ ಮೀನಿನ ಹುರುಪೆ, ಕಾಲು ಮಾತ್ರ ಮನುಷ್ಯನವು. ಮೂರನೆಯವನು ಅರ್ಧ ಹಕ್ಕಿ. ಫೋಟೊ ಮನೆಯವರಿಗೆ ಕಳಿಸಿದಾಗ ಬಂದ ಮೊದಲ ಉತ್ತರ "ಓ, ನರಸಿಂಹ!" ಎಂಬುದು. ಅಲ್ಲ. ಅದು ದೇವರ ಅವತಾರವಲ್ಲ, 1858ರಿಂದ 1889ರ ತನಕ ಆಳಿದ ಗ್ಲೆಲೆ ಎಂಬ ರಾಜ. ಹಕ್ಕಿ ಅವನ ಅಪ್ಪ ಗೆಝೊ, ಶಾರ್ಕ್ ಅವನ ಮಗ ಬೆಹಾಂಝಿನ್. ಸಿಂಹವನ್ನು ಕೆತ್ತಿದವನು ಸೋಸ್ಸಾ ದೆದೆ ಎನ್ನುತ್ತಾರೆ. ಈ ಮೂವರೂ ಪಿಕಾಸೊ ಕಾಲಿಡುವ ಮೊದಲೇ ಅದೇ ಟ್ರೊಕಾಡೆರೊಗೆ ಬಂದಿದ್ದರು. ಅವರನ್ನು ದಾನ ಕೊಟ್ಟವನು ಒಬ್ಬ ಸೇನಾಧಿಕಾರಿ. ಲೂಟಿಯ ಮಾಲನ್ನೂ ದಾನ ಎಂದೇ ಬರೆದುಕೊಳ್ಳುವುದು ವಸ್ತುಸಂಗ್ರಹಾಲಯಗಳ ರೂಢಿ.

ಆ ಅಧಿಕಾರಿ ಅಲ್ಫ್ರೆಡ್ ಡಾಡ್ಸ್. ಹುಟ್ಟಿದ್ದು ಸೆನೆಗಲ್ಲಿನ ಸೇಂಟ್ ಲೂಯಿಯಲ್ಲಿ. ಅವನ ಮೈಯಲ್ಲೂ ಆಫ್ರಿಕಾದ ರಕ್ತವಿತ್ತು. ಫ್ರೆಂಚ್ ಸೇನೆಯನ್ನು ಮುನ್ನಡೆಸಿಕೊಂಡು ಅವನು ಅಬೊಮೆ ಹೊಕ್ಕದ್ದು 1892ರ ನವೆಂಬರ್ 17ರಂದು. ಸೇನೆ ಬರುವಷ್ಟರಲ್ಲಿ ಬೆಹಾಂಝಿನ್ ಅರಮನೆಗೆ ತಾನೇ ಬೆಂಕಿ ಇಟ್ಟು ಉತ್ತರಕ್ಕೆ ಸರಿದಿದ್ದ. ಶತ್ರುವಿನ ಕೈಗೆ ಸಿಗುವುದಕ್ಕಿಂತ ಸುಟ್ಟು ಹೋಗಲಿ ಎಂಬ ಲೆಕ್ಕ. ಹುಲ್ಲಿನ ಚಾವಣಿಗಳು ಉರಿದವು, ಮಣ್ಣಿನ ಗೋಡೆಗಳಲ್ಲಿ ಬಹಳಷ್ಟು ನಿಂತವು. ಡಾಡ್ಸನ ಪಡೆ ಸಿಂಹಾಸನಗಳನ್ನು ಒಯ್ದಿತು, ಪ್ರತಿಮೆಗಳನ್ನು ಒಯ್ದಿತು, ಗ್ಲೆಲೆಯ ಅರಮನೆಯ ಕೆತ್ತನೆಯ ಬಾಗಿಲುಗಳನ್ನೂ ಕಿತ್ತು ಒಯ್ದಿತು. ಬಾಗಿಲು ಇದ್ದ ಗೋಡೆಯನ್ನು ಮಾತ್ರ ಅಲ್ಲೇ ಬಿಟ್ಟಿತು. ಒಣ ಮಣ್ಣು ಕಿತ್ತರೆ ಪುಡಿ. ಮಾರ್ಸೆಯ ಹಡಗು ಏರಿಸುವ ಮೊದಲೇ ಅದು ಬರೀ ಗೋಣಿಚೀಲದ ಮಣ್ಣಾಗಿರುತ್ತಿತ್ತು.

ಆಫ್ರಿಕಾದ ಕಲಾ ಇತಿಹಾಸ ಯುರೋಪಿನಲ್ಲಿ ಬರೆಯಲ್ಪಟ್ಟದ್ದು ಹಡಗು ಏರಿದ ವಸ್ತುಗಳಿಂದ ಎಂಬ ಸಂಶಯ ನನಗೆ ಗಟ್ಟಿಯಾದದ್ದು ಇಲ್ಲಿ. ಹೋಲಿಸಿ ನೋಡಲು ಪಕ್ಕದಲ್ಲೇ ಒಂದು ಉದಾಹರಣೆ ಇದೆ. ಬೆನಿನ್ ಕಂಚುಗಳ ಹೆಸರು ಕೇಳಿರುತ್ತೀರಿ. ಅವು ಇಂದಿನ ಬೆನಿನ್ ದೇಶದವಲ್ಲ. ದಹೊಮೆ ಎಂದಿದ್ದ ದೇಶ ಬೆನಿನ್ ಎಂದು ಹೆಸರು ಬದಲಿಸಿಕೊಂಡದ್ದು 1975ರಲ್ಲಿ. ಆ ಕಂಚುಗಳು ಇಂದಿನ ನೈಜೀರಿಯಾದಲ್ಲಿರುವ ಬೆನಿನ್ ನಗರದ್ದು, ಎಡೊ ಜನರ ರಾಜ್ಯದ್ದು. ಅವುಗಳಲ್ಲಿ ಪ್ರಖ್ಯಾತವಾದವು ಹಿತ್ತಾಳೆಯ ಉಬ್ಬುಫಲಕಗಳು. ಒಂದು ಕಾಲಕ್ಕೆ ಅರಮನೆಯ ಕಂಬಗಳಿಗೆ ಅವನ್ನು ಮೊಳೆ ಹೊಡೆದು ಕೂರಿಸಿದ್ದರು. ಅಂದರೆ ಅವೂ ಅರಮನೆಯ ಉಬ್ಬುಶಿಲ್ಪಗಳೇ. ಆದರೆ ಬಿಡಿ ಬಿಡಿ, ಲೋಹದವು, ಪೆಟ್ಟಿಗೆಯಲ್ಲಿ ಒಂದರ ಮೇಲೊಂದು ಪೇರಿಸಬಹುದಾದವು. 1897ರಲ್ಲಿ ಬ್ರಿಟಿಷರು ಅವನ್ನು ಲೂಟಿ ಮಾಡಿದರು. ಈಗ ಬ್ರಿಟಿಷ್ ಮ್ಯೂಸಿಯಮ್ಮಿನಲ್ಲೇ ಆ ರಾಜ್ಯದ 900ಕ್ಕೂ ಹೆಚ್ಚು ವಸ್ತುಗಳಿವೆ. ಬರ್ಲಿನ್ನಿನಿಂದ ನ್ಯೂಯಾರ್ಕಿನ ತನಕ ಹಂಚಿಹೋಗಿ, ಪಠ್ಯಪುಸ್ತಕ ಸೇರಿ, ಜಗತ್ತಿನ ಮಹಾಕಲೆ ಎನಿಸಿಕೊಂಡವು. ಅದಕ್ಕೆ ಅವು ಯೋಗ್ಯವೇ, ಆ ಮಾತು ಬೇರೆ. ಅಬೊಮೆಯ ಮಣ್ಣಿನ ಚಿತ್ರಗಳಿಗೆ ಆ ಭಾಗ್ಯ ಬರಲಿಲ್ಲ. ಅವು ಇದ್ದಲ್ಲೇ ಇದ್ದವು, ಮಳೆಯಲ್ಲಿ.

ಇರಲಿ, ಗೋಡೆಯ ಹತ್ತಿರ ಹೋಗೋಣ.

ಒಂದು ಗೂಡಿನಲ್ಲಿ ಒಂದೇ ರೂಪ, ಹೆಚ್ಚೆಂದರೆ ಎರಡು. ಹಿನ್ನೆಲೆಯಲ್ಲಿ ಮರವಿಲ್ಲ, ಬೆಟ್ಟವಿಲ್ಲ, ದಿಗಂತವಿಲ್ಲ. ಪ್ರಾಣಿ ಪಕ್ಕದಿಂದ ಕಾಣುತ್ತದೆ, ಚೌಕಟ್ಟನ್ನು ಆದಷ್ಟೂ ತುಂಬಿಕೊಂಡು. ದೂರದಿಂದಲೇ ಗುರುತು ಸಿಗಬೇಕು ಎಂಬ ಒಂದೇ ಹಟ. ಮೊದಲ ನೋಟಕ್ಕೆ ಮಕ್ಕಳ ಚಿತ್ರದ ಹಾಗೆ ಸರಳ ಎನಿಸುತ್ತದೆ. ಆದರೆ ಪ್ರತಿಯೊಂದರ ಹಿಂದೆಯೂ ಒಂದು ಇಡೀ ವಾಕ್ಯವಿದೆ. ದಹೊಮೆಯಲ್ಲಿ ರಾಜ ಪಟ್ಟಕ್ಕೆ ಬರುವಾಗ ತನಗೆಂದು ಒಂದು ಗಾದೆಯಂಥ ಮಾತನ್ನು ಆರಿಸಿಕೊಳ್ಳುತ್ತಿದ್ದ. ಅದೇ ಅವನ ಘೋಷಣೆ, ಅದರಿಂದಲೇ ಅವನ ಲಾಂಛನ. ಅಗೊಂಗ್ಲೊ ರಾಜನದು ಅನಾನಸ್: ಸಿಡಿಲು ತಾಳೆಮರಕ್ಕೆ ಹೊಡೆಯುತ್ತದೆ, ನೆಲಕ್ಕಂಟಿದ ಅನಾನಸನ್ನು ಮುಟ್ಟುವುದಿಲ್ಲ. ಅಕಾಬಾನದು ಗೋಸುಂಬೆ: ನಿಧಾನವಾಗಿಯಾದರೂ ಬೂರುಗದ ತುದಿ ಮುಟ್ಟುತ್ತದೆ. ವೆಗ್ಬಾಜಾನದು ಮೀನು ಮತ್ತು ಕೂಳಿ: ಒಮ್ಮೆ ತಪ್ಪಿಸಿಕೊಂಡ ಮೀನು ಮತ್ತೆ ಕೂಳಿಗೆ ಬೀಳುವುದಿಲ್ಲ. ಬೆಹಾಂಝಿನ್ ಶಾರ್ಕ್ ಆರಿಸಿಕೊಂಡದ್ದು ಫ್ರೆಂಚರ ಹಡಗುಗಳು ಕರಾವಳಿಯಲ್ಲಿ ಕಾಣಿಸಿಕೊಳ್ಳುತ್ತಿದ್ದ ಹೊತ್ತಿನಲ್ಲಿ. ದಡದ ಅಲೆಗಳನ್ನು ಕಲಕುವ ಸಿಟ್ಟಿನ ಶಾರ್ಕ್. ಯಾರಿಗೆ ಹೇಳಿದ್ದು ಎಂದು ಬಿಡಿಸಿ ಹೇಳಬೇಕಿರಲಿಲ್ಲ.

ಬರಹ ಇಲ್ಲದ ಆಸ್ಥಾನ ಅದು. ಅದೇ ಮಾತು ಹಾಡಿನಲ್ಲಿ ಬರುತ್ತಿತ್ತು, ರಾಜದಂಡದ ಮೇಲೆ ಬರುತ್ತಿತ್ತು, ಬಟ್ಟೆಯ ತುಂಡು ಕತ್ತರಿಸಿ ಹೊಲಿದ ಧ್ವಜ ಮತ್ತು ಛತ್ರಿಗಳ ಮೇಲೆ ಬರುತ್ತಿತ್ತು, ಗೋಡೆಯ ಮೇಲೂ ಬರುತ್ತಿತ್ತು. ಹಾಗಾಗಿ ಗೋಡೆಯನ್ನು ನೋಡುವವನು ಅದನ್ನು ಓದುತ್ತಿರಲಿಲ್ಲ, ನೆನಪಿಸಿಕೊಳ್ಳುತ್ತಿದ್ದ. ಕತೆ ಮೊದಲೇ ಗೊತ್ತಿದ್ದರೆ ಚಿತ್ರ ಬಾಯಿಬಿಡುತ್ತದೆ, ಗೊತ್ತಿಲ್ಲದಿದ್ದರೆ ಅದು ಬರೀ ಸಿಂಹ. ಹೊರಗಿನವರಾದ ನಮಗೆ ಮೊದಲು ಕಾಣುವುದು ಬರೀ ಸಿಂಹವೇ.

ಇವುಗಳಲ್ಲಿ ನನ್ನನ್ನು ಹೆಚ್ಚು ಹೊತ್ತು ಹಿಡಿದು ನಿಲ್ಲಿಸುವುದು ಅಗಾಜಾನ ಹಡಗು. 1708ರಿಂದ 1740ರ ತನಕ ಆಳಿದವನು ಅವನು. ಗೋಡೆಗಳ ಮೇಲೆ ಇಂಥ ಚಿತ್ರ ಮಾಡಿಸುವ ಪದ್ಧತಿ ಅವನ ಕಾಲದಲ್ಲೇ ಶುರುವಾಯಿತು ಎಂದು ಅಲ್ಲಿಯವರು ಹೇಳುತ್ತಾರೆ. ಒಳನಾಡಿನ ರಾಜನಿಗೆ ಲಾಂಛನವಾಗಿ ಯುರೋಪಿನ ಹಾಯಿಹಡಗು ಏಕೆ? 1724ರಲ್ಲಿ ಅವನು ನೆರೆಯ ಅಲ್ಲಾಡಾ ರಾಜ್ಯವನ್ನು ಗೆದ್ದ, 1727ರಲ್ಲಿ ಕಡಲತೀರದ ವೀದಾ ಗೆದ್ದ. ಅಲ್ಲಿಂದ ಮುಂದೆ ದಹೊಮೆಗೆ ಹಡಗುಗಳ ಜೊತೆ ನೇರ ವ್ಯವಹಾರ. ಆ ವ್ಯವಹಾರದ ಸರಕು ಮನುಷ್ಯರು. ಯುದ್ಧದಲ್ಲಿ ಹಿಡಿದ ಸೆರೆಯಾಳುಗಳನ್ನು ವೀದಾಕ್ಕೆ ನಡೆಸಿ ತಂದು ಮಾರುತ್ತಿದ್ದರು. ಬದಲಿಗೆ ಬಂದೂಕು, ಮದ್ದು, ಬಟ್ಟೆ, ಹೆಂಡ, ಕವಡೆ. ಹೌದು, ಚೌಕಾಬಾರಕ್ಕೆ ನಾವು ಎಸೆಯುವ ಅದೇ ಕವಡೆ. ಮಾಲ್ಡೀವ್ಸ್ ದ್ವೀಪಗಳಲ್ಲಿ ಹೆಕ್ಕಿದ್ದು ಬಂಗಾಳ, ಸಿಲೋನುಗಳ ಮೂಲಕ ಆಮ್‌ಸ್ಟರ್‌ಡ್ಯಾಮ್, ಲಂಡನ್ ಸೇರಿ, ಅಲ್ಲಿಂದ ಮತ್ತೆ ಹಡಗೇರಿ ವೀದಾದಲ್ಲಿ ಇಳಿಯುತ್ತಿತ್ತು. ಅಲ್ಲಿ ಅದು ನಾಣ್ಯ. ನಮ್ಮ ಸಮುದ್ರದ ಹುಳುವಿನ ಚಿಪ್ಪು ಅಟ್ಲಾಂಟಿಕ್ಕಿನ ದಡದಲ್ಲಿ ಮನುಷ್ಯರ ಬೆಲೆಯಾಯಿತು. ಇದನ್ನು ತಿಳಿದ ಮೇಲೆ ಆ ಹಡಗಿನ ಚಿತ್ರವನ್ನು ಚೆಂದ ಎಂದಷ್ಟೇ ಹೇಳಿ ಮುಂದೆ ಹೋಗಲು ನನಗೆ ಆಗುವುದಿಲ್ಲ. ಚೆಂದವಾಗಿರುವುದಂತೂ ನಿಜ.

ಕೆಲವು ಚಿತ್ರಗಳಲ್ಲಿ ಇಂಥ ಮರೆಯೂ ಇಲ್ಲ. ಒಂದರಲ್ಲಿ ಯೋಧನೊಬ್ಬ ಶತ್ರುವಿನ ಕಾಲು ಕಡಿದು, ಆ ಕಾಲನ್ನೇ ಹಿಡಿದು ಅವನನ್ನು ಚಚ್ಚುತ್ತಿದ್ದಾನೆ. ಇನ್ನು ಕೆಲವುಗಳಲ್ಲಿ ರಾಜ್ಯದ ಹೆಸರಾಂತ ಹೆಣ್ಣುಪಡೆಯವರು. ಯುರೋಪಿನವರು ಅಮೆಜಾನ್ ಎಂದರು, ಅಲ್ಲಿ ಅಗೋಜಿಯೆ ಎನ್ನುತ್ತಾರೆ. ಬಂದೂಕು ಹಿಡಿದ ಹೆಂಗಸು, ಸೆರೆಯಾಳನ್ನು ಎಳೆದು ತರುವ ಹೆಂಗಸು. ಇತ್ತೀಚೆಗೆ ಅವರನ್ನು ಸ್ತ್ರೀಶಕ್ತಿಯ ಪ್ರತೀಕವಾಗಿ ಪೋಸ್ಟರುಗಳಲ್ಲಿ ಬಳಸುತ್ತಾರೆ. ಎಳೆದು ತಂದ ಆ ಸೆರೆಯಾಳು ಎಲ್ಲಿಗೆ ಹೋದ ಎಂದು ಪೋಸ್ಟರು ಹೇಳುವುದಿಲ್ಲ. ಗೋಡೆ ಹೇಳುತ್ತದೆ, ಹೆಮ್ಮೆಯಿಂದಲೇ ಹೇಳುತ್ತದೆ. ಗೆಝೊನ ಒಂದು ಸಿಂಹಾಸನ ನಾಲ್ಕು ಶತ್ರುಗಳ ತಲೆಬುರುಡೆಗಳ ಮೇಲೆ ನಿಂತಿದೆ, ಅದೂ ಅಬೊಮೆಯ ವಸ್ತುಸಂಗ್ರಹಾಲಯದಲ್ಲೇ. ಲೂಟಿಯಾದ ಕಲೆಯ ಬಗ್ಗೆ ಮಾತಾಡುವಾಗ ಲೂಟಿಯಾದವರನ್ನು ಸಾಧುಗಳನ್ನಾಗಿ ಮಾಡುವ ಚಪಲ ನಮಗಿರುತ್ತದೆ. ದಹೊಮೆಯ ರಾಜರು ಸಾಧುಗಳಲ್ಲ. ಹಾಗೆಂದು ಡಾಡ್ಸನ ಲೂಟಿ ನ್ಯಾಯವೂ ಆಗುವುದಿಲ್ಲ. ಎರಡನ್ನೂ ಒಟ್ಟಿಗೆ ತಲೆಯಲ್ಲಿಟ್ಟುಕೊಂಡು ನೋಡುವುದು ಕಷ್ಟ, ಆದರೆ ಆ ಗೋಡೆಯ ಮುಂದೆ ಬೇರೆ ದಾರಿ ಇಲ್ಲ.

ಹಾಗಾದರೆ ಗೋಡೆ ಹೇಳುವುದೆಲ್ಲ ಇತಿಹಾಸವೇ? ಅಬೊಮೆಯ ಉಬ್ಬುಶಿಲ್ಪಗಳ ಬಗ್ಗೆ ಬರೆಯುವವರೆಲ್ಲ ಇವು ರಾಜ್ಯದ ದಾಖಲೆ, ಬರಹದ ಬದಲಿಗಿದ್ದ ಚರಿತ್ರೆ ಎನ್ನುತ್ತಾರೆ. ನನಗೆ ಅಷ್ಟು ಸಲೀಸಾಗಿ ಒಪ್ಪಲಾಗದು. 18ನೇ ಶತಮಾನದ ಬಹುಭಾಗ ದಹೊಮೆ ತನ್ನ ಪೂರ್ವದ ಓಯೊ ಸಾಮ್ರಾಜ್ಯಕ್ಕೆ ಕಪ್ಪ ಕೊಡುತ್ತಿತ್ತು. ಅದನ್ನು ನಿಲ್ಲಿಸಿದವನು ಗೆಝೊ, 1820ರ ದಶಕದಲ್ಲಿ. 1851ರಲ್ಲಿ ಗೆಝೊ ಅಬೆಒಕುಟಾ ನಗರದ ಮೇಲೆ ಏರಿಹೋಗಿ ಸೋತ. 1864ರಲ್ಲಿ ಅದೇ ನಗರದ ಮುಂದೆ ಗ್ಲೆಲೆಯೂ ಸೋತ. ನಾನು ನೋಡಿದ ಚಿತ್ರಗಳಲ್ಲಿ ಕಪ್ಪ ಹೊತ್ತು ಹೋಗುವವನಿಲ್ಲ, ಅಬೆಒಕುಟಾದಿಂದ ಹಿಂದಿರುಗಿದ ಸೋತ ಸೈನ್ಯವಿಲ್ಲ. ಎಲ್ಲ ಕಡೆಯೂ ಗೆಲುವು. ಜಗತ್ತಿನ ಯಾವ ಅರಮನೆಯ ಗೋಡೆಯೂ ಹೀಗೇ ಅಲ್ಲವೇ ಎನ್ನಬಹುದು. ಸರಿ, ಆದರೆ ಆಗ ಅದನ್ನು ದಾಖಲೆ ಎನ್ನಬಾರದು, ರಾಜನ ಮಾತು ಎನ್ನಬೇಕು.

ಇದಕ್ಕಿಂತ ದೊಡ್ಡ ಸಾಕ್ಷಿ ಅಡಾಂಡೊಝಾನ್. 1797ರಿಂದ 1818ರ ತನಕ, ಇಪ್ಪತ್ತಕ್ಕೂ ಹೆಚ್ಚು ವರ್ಷ ದಹೊಮೆಯನ್ನು ಆಳಿದ ರಾಜ. ಅಬೊಮೆಯಲ್ಲಿ ಹೇಳುವ ರಾಜರ ಪಟ್ಟಿಯಲ್ಲಿ ಅವನ ಹೆಸರಿಲ್ಲ. ಅಗೊಂಗ್ಲೊ ಆದ ಮೇಲೆ ನೇರ ಗೆಝೊ. ಗೆಝೊ ಅವನನ್ನು ಇಳಿಸಿ ಪಟ್ಟ ಹಿಡಿದವನು. ವೀದಾದಲ್ಲಿ ಕೂತು ಗುಲಾಮರ ವ್ಯಾಪಾರ ಮಾಡುತ್ತಿದ್ದ ಬ್ರೆಜಿಲ್ ಮೂಲದ ಫ್ರಾನ್ಸಿಸ್ಕೊ ಫೆಲಿಕ್ಸ್ ದ ಸೋಜಾ ಗೆಝೊನ ಬೆನ್ನಿಗಿದ್ದ. ಗೆದ್ದವರು ಹೇಳಿದ ಕತೆಯಲ್ಲಿ ಅಡಾಂಡೊಝಾನ್ ಕ್ರೂರಿ, ಗೆಝೊನ ತಾಯಿಯನ್ನೇ ಗುಲಾಮಳಾಗಿ ಮಾರಿದವನು. ಇರಬಹುದು. ಆದರೆ ಕ್ರೌರ್ಯಕ್ಕಾಗಿ ಹೆಸರು ಅಳಿಸುವುದಾದರೆ ಆ ಪಟ್ಟಿಯಲ್ಲಿ ಎಷ್ಟು ಹೆಸರು ಉಳಿಯುತ್ತಿದ್ದವು? ಕಲ್ಲಿನಲ್ಲಿ ಕೆತ್ತಿದ್ದರೆ ಅಳಿಸಿದ ಗುರುತಾದರೂ ಸಿಗುತ್ತಿತ್ತು, ಉಳಿ ಆಡಿದ ಗಾಯ ಉಳಿಯುತ್ತಿತ್ತು. ಮಣ್ಣಿನ ಗೋಡೆಯನ್ನು ಒದ್ದೆ ಮಾಡಿ ಸವರಿದರೆ ಏನೂ ಉಳಿಯುವುದಿಲ್ಲ.

ಅಡಾಂಡೊಝಾನನದು ಎನ್ನುವ ಒಂದು ಸಿಂಹಾಸನ ಮಾತ್ರ ಉಳಿದಿತ್ತು, ಅದೂ ಊರಿನಲ್ಲಲ್ಲ. 1811ರ ಸುಮಾರಿಗೆ ಅವನು ಪೋರ್ಚುಗಲ್ಲಿನ ರಾಜಕುಮಾರ ಜೊವಾವೊನಿಗೆ ಉಡುಗೊರೆಯಾಗಿ ಕಳಿಸಿದ್ದು. ಆಗ ಪೋರ್ಚುಗಲ್ಲಿನ ಆಸ್ಥಾನ ಬ್ರೆಜಿಲ್ಲಿನಲ್ಲಿ ಬೀಡುಬಿಟ್ಟಿತ್ತು. ಆ ಸಿಂಹಾಸನ ರಿಯೊ ಡಿ ಜನೈರೊದ ರಾಷ್ಟ್ರೀಯ ವಸ್ತುಸಂಗ್ರಹಾಲಯ ಸೇರಿತು. ಆ ಸಂಗ್ರಹಾಲಯ ಸ್ಥಾಪನೆಯಾದದ್ದು 1818ರಲ್ಲಿ, ಅವನು ಪಟ್ಟ ಕಳೆದುಕೊಂಡ ಅದೇ ವರ್ಷ. ತನ್ನೂರು ಮರೆತ ರಾಜನ ಪೀಠವನ್ನು ಕಡಲಾಚೆಯವರು ಇನ್ನೂರು ವರ್ಷ ಜೋಪಾನ ಮಾಡಿದರು. 2018ರ ಸೆಪ್ಟೆಂಬರ್ 2ರ ರಾತ್ರಿ ಆ ಕಟ್ಟಡಕ್ಕೆ ಬೆಂಕಿ ಬಿತ್ತು, ಸಿಂಹಾಸನವೂ ಸುಟ್ಟುಹೋಯಿತು. ಯುರೋಪ್, ಅಮೆರಿಕಗಳ ಕಪಾಟಿನಲ್ಲಿದ್ದರೆ ಸುರಕ್ಷಿತ ಎಂದು ವಾದಿಸುವವರಿಗೆ ನಾನು ಹೇಳುವ ಉದಾಹರಣೆ ಇದು. ಅಬೊಮೆಯಲ್ಲಿದ್ದಿದ್ದರೆ ಉಳಿಯುತ್ತಿತ್ತೇ ಎಂದು ಅವರು ತಿರುಗಿ ಕೇಳಿದರೆ, ಗೆಝೊನ ಕಾಲದಲ್ಲೇ ಒಲೆ ಸೇರುತ್ತಿತ್ತೇನೊ ಎಂದು ಒಪ್ಪಿಕೊಳ್ಳಬೇಕಾಗುತ್ತದೆ.

ಗೋಡೆಯ ಕತೆಯನ್ನು ಮುಂದುವರಿಸುತ್ತೇನೆ. ಬೆಹಾಂಝಿನ್ 1894ರಲ್ಲಿ ಶರಣಾದ. ಮಾರ್ಟಿನಿಕ್ ದ್ವೀಪಕ್ಕೆ ಗಡಿಪಾರಾದ, 1906ರಲ್ಲಿ ಅಲ್ಜೀರಿಯಾದಲ್ಲಿ ಸತ್ತ. ಅವನ ಜಾಗಕ್ಕೆ ಫ್ರೆಂಚರು ಕೂರಿಸಿದ ಅಗೋಲಿ-ಅಗ್ಬೊನನ್ನೂ 1900ರಲ್ಲಿ ಇಳಿಸಿದರು. ಅಲ್ಲಿಗೆ ರಾಜ್ಯ ಮುಗಿಯಿತು. ಗೆಝೊ ಮತ್ತು ಗ್ಲೆಲೆಯ ಸಭಾಮಂದಿರಗಳು ಹಾಗೂ ಹೀಗೂ ನಿಂತಿದ್ದವು. 1911ರಲ್ಲಿ ವಾಟರ್ಲೊ ಎಂಬ ಫ್ರೆಂಚ್ ನೌಕರ, ಅಲ್ಲಿನ ಸರ್ಕಾರಿ ಮುದ್ರಣಾಲಯದವನು, ಆ ಚಿತ್ರಗಳನ್ನು ಬಣ್ಣದಲ್ಲಿ ನಕಲು ಮಾಡಿಕೊಂಡ. ಅವು 1926ರಲ್ಲಿ ಪ್ಯಾರಿಸ್ಸಿನಲ್ಲಿ ಅಚ್ಚಾದವು. ಗೋಡೆಯನ್ನು ಹಡಗಿಗೆ ಏರಿಸಲು ಆಗಿದ್ದು ಹೀಗೆ, ಕಾಗದದ ಮೇಲೆ. ಈಗ ಆ ಕಾಗದವೇ ಬಲು ದೊಡ್ಡ ಸಾಕ್ಷಿ, ಏಕೆಂದರೆ ಆ ಮೇಲೆ ಗೋಡೆಗೆ ಆದದ್ದು ಒಂದೆರಡಲ್ಲ.

ಹಳೆಯ ಕಟ್ಟಡಕ್ಕೆ ದಪ್ಪ ಹುಲ್ಲಿನ ಚಾವಣಿ ಇತ್ತು, ಸೂರು ಬಹಳ ಕೆಳಗಿನ ತನಕ ಇಳಿಯುತ್ತಿತ್ತು. ಮಳೆ ಗೋಡೆಗೆ ಎರಚದಂತೆ ಅದೇ ಕಾವಲು. ವಸಾಹತು ಕಾಲದ ದುರಸ್ತಿಯಲ್ಲಿ ತಗಡು ಬಂತು, ಸೂರಿನ ಆ ಉದ್ದನೆಯ ನೆರಳು ಹೋಯಿತು. ತಗಡು ಆಧುನಿಕ, ಬಾಳಿಕೆ ಬರುತ್ತದೆ ಎಂಬ ನಂಬಿಕೆ. ಚಾವಣಿ ಬಾಳಿತು, ಅದರ ಕೆಳಗಿನ ಗೋಡೆ ನೆನೆಯಿತು. 1984ರ ಮಾರ್ಚ್‌ನಲ್ಲಿ ಸುಂಟರಗಾಳಿ ಎದ್ದು ತಗಡನ್ನೂ ಕಿತ್ತೆಸೆಯಿತು. ಮರುವರ್ಷ ಯುನೆಸ್ಕೊ ಅಬೊಮೆಯ ಅರಮನೆಗಳನ್ನು ವಿಶ್ವಪರಂಪರೆಯ ಪಟ್ಟಿಗೆ ಸೇರಿಸಿತು, ಜೊತೆಗೇ ಅಪಾಯದಲ್ಲಿರುವ ತಾಣಗಳ ಪಟ್ಟಿಗೂ ಸೇರಿಸಿತು. ಎರಡನೆಯ ಪಟ್ಟಿಯಿಂದ ಬಿಡುಗಡೆ ಸಿಕ್ಕಿದ್ದು 2007ರಲ್ಲಿ. ಎರಡು ವರ್ಷವೂ ತುಂಬಲಿಲ್ಲ, 2009ರ ಜನವರಿಯಲ್ಲಿ ಬೆಂಕಿ ಬಿದ್ದು ಹಲವು ಕಟ್ಟಡಗಳ ಹುಲ್ಲಿನ ಚಾವಣಿ ಉರಿಯಿತು. ತಗಡು ಹಾಕಿದರೆ ಗಾಳಿ, ಹುಲ್ಲು ಹೊದಿಸಿದರೆ ಬೆಂಕಿ.

ಈ ನಡುವೆ ಗ್ಲೆಲೆಯ ಸಭಾಮಂದಿರ ಇನ್ನು ನಿಲ್ಲದು ಎನ್ನುವ ಸ್ಥಿತಿಗೆ ಬಂದು, 1988ರಲ್ಲಿ ಅದನ್ನು ಕಳಚಿದರು. ಅದರ ಗೋಡೆಯ ಮೇಲಿದ್ದ 56 ಉಬ್ಬುಶಿಲ್ಪಗಳಲ್ಲಿ 50ನ್ನು ಗೋಡೆಯ ತುಂಡಿನ ಸಮೇತ ಕತ್ತರಿಸಿ ತೆಗೆದು, ಒಂದೊಂದನ್ನೂ ಬಿಡಿ ಫಲಕವಾಗಿ ಮಾಡಿ ಇಟ್ಟರು. ಮಂದಿರವನ್ನು ಹೊಸದಾಗಿ ಕಟ್ಟಿ ಅದರ ಗೋಡೆಗೆ ಹೊಸ ಪ್ರತಿಗಳನ್ನು ಮಾಡಿಸಿದರು. ಹಳೆಯ ಫಲಕಗಳ ಮೇಲೆ 1993ರಿಂದ 1997ರ ತನಕ ಲಾಸ್ ಏಂಜಲಿಸ್ಸಿನ ಗೆಟ್ಟಿ ಸಂರಕ್ಷಣಾ ಸಂಸ್ಥೆಯವರೂ ಬೆನಿನ್ ಸರ್ಕಾರದವರೂ ಸೇರಿ ಕೆಲಸ ಮಾಡಿದರು. ಪದರ ಪದರವಾಗಿ ಕೂತಿದ್ದ ಹಳೆಯ ತೇಪೆ, ಬಳಿದ ಬಣ್ಣ, ಕೊಳೆಗಳನ್ನು ಪರೀಕ್ಷಿಸಿ, ಸಡಿಲವಾದದ್ದನ್ನು ಭದ್ರ ಮಾಡಿದರು.

ಇಲ್ಲಿ ನನಗೊಂದು ತೊಡಕು. ಆ ಪದರಗಳಲ್ಲಿ ಯಾವುದು ಅಸಲಿ? ಹಬ್ಬ ಬಂತೆಂದರೆ ಮನೆಯ ಗೋಡೆಗೆ ಸುಣ್ಣ ಬಳಿದು ಕೆಮ್ಮಣ್ಣಿನ ಅಂಚು ಎಳೆದವರಿಗೆ ಈ ಪ್ರಶ್ನೆ ವಿಚಿತ್ರ ಎನಿಸೀತು. ಹೋದ ವರ್ಷದ ಸುಣ್ಣ ಅಸಲಿ, ಈ ವರ್ಷದ್ದು ನಕಲಿ ಎಂದು ಯಾರೂ ಹೇಳುವುದಿಲ್ಲ. ಅಬೊಮೆಯ ಗೋಡೆಯೂ ಮಳೆಗಾಲ ಕಳೆದಾಗಲೆಲ್ಲ ಯಾರದೋ ಕೈಯಲ್ಲಿ ಮತ್ತೆ ಜೀವ ಪಡೆದದ್ದು. ಗೋಡೆ ಉಳಿದದ್ದು ರಿಪೇರಿಯಿಂದ. ವಸ್ತುಸಂಗ್ರಹಾಲಯದ ಶಿಸ್ತಿಗೆ ಮಾತ್ರ ಒಂದು ನಿರ್ದಿಷ್ಟ ವರ್ಷ ಬೇಕು, ಅಲ್ಲಿಗೆ ಗಡಿಯಾರ ನಿಲ್ಲಿಸಬೇಕು. ಗೆಟ್ಟಿಯವರ ಕೆಲಸವನ್ನು ಹಗುರ ಮಾಡುತ್ತಿಲ್ಲ. ಆ ಐವತ್ತು ಫಲಕಗಳು ಇವತ್ತು ಇರುವುದಕ್ಕೆ ಅವರೂ ಕಾರಣ. ಆದರೆ ಫಲಕವಾದ ಮೇಲೆ ಅವು ಮೊದಲ ಬಾರಿಗೆ ಹೊರಬಹುದಾದ ವಸ್ತುಗಳಾದವು. ಪ್ರದರ್ಶನಕ್ಕೆ ಕಳಿಸಬಹುದು, ವಿಮೆ ಮಾಡಿಸಬಹುದು, ನಂಬರ್ ಕೊಡಬಹುದು. ಕಲೆ ಎನಿಸಿಕೊಳ್ಳಲು ಅವೂ ಗೋಡೆ ಬಿಟ್ಟು ಬರಬೇಕಾಯಿತು.

ಸಿಪ್ರಿಯೆನ್ ತೊಕುಡಗ್ಬಾ ಎಂಬ ಕಲಾವಿದನ ಬದುಕಿನಲ್ಲೂ ಇದೇ ನಡೆಯಿತು. 1939ರಲ್ಲಿ ಅಬೊಮೆಯಲ್ಲೇ ಹುಟ್ಟಿದವನು, 2012ರಲ್ಲಿ ತೀರಿಕೊಂಡ. ಅಲ್ಲಿನ ವೊಡುನ್ ಎಂಬ ದೇವತಾರಾಧನೆಯ ಗುಡಿಗಳ ಗೋಡೆಗೆ ಚಿತ್ರ ಬರೆಯುವುದು, ಮಣ್ಣು ಸಿಮೆಂಟುಗಳಲ್ಲಿ ಮೂರ್ತಿ ಮಾಡುವುದು ಅವನ ಕಸುಬು. 1987ರಲ್ಲಿ ಅಬೊಮೆಯ ವಸ್ತುಸಂಗ್ರಹಾಲಯ ಅವನನ್ನು ಉಬ್ಬುಶಿಲ್ಪಗಳ ದುರಸ್ತಿಗೆ ಕರೆಯಿತು. 1989ರಲ್ಲಿ ಪ್ಯಾರಿಸ್ಸಿನ 'ಭೂಮಿಯ ಮಾಂತ್ರಿಕರು' ಎಂಬ ದೊಡ್ಡ ಪ್ರದರ್ಶನಕ್ಕೆ ಅವನಿಗೆ ಆಹ್ವಾನ ಬಂತು. ಅಲ್ಲಿಂದ ಅವನು ಕ್ಯಾನ್ವಾಸಿನ ಮೇಲೆ ಬರೆಯತೊಡಗಿದ: ಬಿಳಿ ಹಿನ್ನೆಲೆ, ನಡುವೆ ಒಂದೇ ರೂಪ, ಅದೇ ರಾಜಲಾಂಛನಗಳು, ಅದೇ ದೇವತೆಗಳು. ಅಬೊಮೆಯ ಗೂಡಿನ ಲೆಕ್ಕಾಚಾರವೇ ಬಟ್ಟೆಗೆ ಬಂದಿದೆ ಎಂದು ಒಮ್ಮೆ ನೋಡಿದರೆ ತಿಳಿಯುತ್ತದೆ. ಗೋಡೆಯ ಮೇಲೆ ಮಾಡಿದಾಗ ಅವನು ರಿಪೇರಿಯವನು. ಸುತ್ತಿ ಕಂಕುಳಲ್ಲಿ ಇಟ್ಟುಕೊಂಡು ವಿಮಾನ ಹತ್ತಬಹುದಾದ ಕ್ಯಾನ್ವಾಸಿನ ಮೇಲೆ ಮಾಡಿದಾಗ ಅಂತರರಾಷ್ಟ್ರೀಯ ಕಲಾವಿದ. ಕೈ ಒಂದೇ, ಚಿತ್ರವೂ ಬಹುಮಟ್ಟಿಗೆ ಒಂದೇ.

2021ರ ನವೆಂಬರ್‌ನಲ್ಲಿ ಡಾಡ್ಸ್ ಒಯ್ದಿದ್ದರಲ್ಲಿ 26 ವಸ್ತುಗಳನ್ನು ಫ್ರಾನ್ಸ್ ಹಿಂದಿರುಗಿಸಿತು. ಬೆನಿನ್ ಸರ್ಕಾರ 2016ರಲ್ಲಿ ಕೇಳಿದಾಗ ಆಗುವುದಿಲ್ಲ ಎಂದಿದ್ದ ಫ್ರಾನ್ಸ್ 2020ರ ಡಿಸೆಂಬರ್‌ನಲ್ಲಿ ಅದಕ್ಕೆಂದೇ ಕಾನೂನು ಮಾಡಿತು. ನಾನು ಪ್ಯಾರಿಸ್ಸಿನಲ್ಲಿ ನೋಡಿದ ಮೂವರೂ ಹೋದರು, ಗೆಝೊನ ಸಿಂಹಾಸನ ಹೋಯಿತು, ಗ್ಲೆಲೆಯ ಅರಮನೆಯ ನಾಲ್ಕು ಬಾಗಿಲುಗಳು ಹೋದವು. ಮೊದಲು ಬೆನಿನ್ನಿನ ಕೊಟೊನು ನಗರದಲ್ಲಿ, ಅಧ್ಯಕ್ಷರ ಅರಮನೆಯಲ್ಲಿ ಪ್ರದರ್ಶನ. ಜನ ಸಾಲುಗಟ್ಟಿ ನಿಂತರು. ಟ್ರೊಕಾಡೆರೊದ ಕಾಲದಿಂದಲೂ ಕವಿಗಳು, ಚಿತ್ರಕಾರರು ಕೊಂಡಾಡಿದ್ದ ಕಬ್ಬಿಣದ ಗು ದೇವತೆ ಮಾತ್ರ ಆ ಪಟ್ಟಿಯಲ್ಲಿರಲಿಲ್ಲ. ಯುರೋಪಿನಿಂದ ಬಂದ ಗುಜರಿ ಕಬ್ಬಿಣವನ್ನು ಬಡಿದು ಅಕಾಟಿ ಎಂಬ ಕಮ್ಮಾರ ಮಾಡಿದ, ಹೆಚ್ಚುಕಡಿಮೆ ಮನುಷ್ಯನಷ್ಟೇ ಎತ್ತರದ ಯುದ್ಧದೇವತೆ ಅದು. ವಾಪಸಾತಿ ನಡೆದಾಗ ಅದು ಪ್ಯಾರಿಸ್ಸಿನ ಲೂವ್ರ್ ವಸ್ತುಸಂಗ್ರಹಾಲಯದಲ್ಲಿತ್ತು, ಅಲ್ಲೇ ಉಳಿಯಿತು.

ಬಂದವನ್ನು ಇಡಲು ಅಬೊಮೆಯ ಅರಮನೆಯ ಆವರಣದಲ್ಲೇ ರಾಜರ ಮತ್ತು ಅಮೆಜಾನ್‌ಗಳ ಹೊಸ ವಸ್ತುಸಂಗ್ರಹಾಲಯ ಕಟ್ಟುವ ಯೋಜನೆಯಾಯಿತು, ಫ್ರಾನ್ಸಿನ ಅಭಿವೃದ್ಧಿ ಸಂಸ್ಥೆಯ ಹಣದ ನೆರವಿನಿಂದ. ಹಾಗಾದರೆ ನೂರಿಪ್ಪತ್ತೊಂಬತ್ತು ವರ್ಷ ಹೊರಗಿದ್ದು ಬಂದ ಬಾಗಿಲುಗಳೂ, ಎಂದೂ ಊರು ಬಿಡದ ಮಣ್ಣಿನ ಫಲಕಗಳೂ ಒಂದೇ ಕಡೆ ಸೇರಬಹುದು. ಬಾಗಿಲುಗಳ ಕೆಳಗೆ ಸೋಸ್ಸಾ ದೆದೆಯ ಹೆಸರು ಬರೆಯುತ್ತಾರೆ, ಡಾಡ್ಸನ ಹೆಸರೂ ಬರುತ್ತದೆ, ತಂದುಕೊಟ್ಟ ಅಧ್ಯಕ್ಷರುಗಳ ಹೆಸರಿಗೂ ಜಾಗ ಸಿಗುತ್ತದೆ. ಮಣ್ಣಿನ ಫಲಕದ ಕೆಳಗೆ ಏನು ಬರೆಯುತ್ತಾರೆ ಎಂಬುದು ನನ್ನ ಕುತೂಹಲ. "ಗ್ಲೆಲೆಯ ಕಾಲ" ಎಂದಷ್ಟೇ ಬರೆದರೆ ಸಾಲದು. ಮೊದಲು ಮೆತ್ತಿದವರ ಹೆಸರು ಸಿಗದಿರಬಹುದು. ಆಮೇಲೆ ತೇಪೆ ಹಾಕಿದವರಲ್ಲಿ ಕೆಲವರ ಹೆಸರು ವಸ್ತುಸಂಗ್ರಹಾಲಯದ ಸಂಬಳದ ಪುಸ್ತಕದಲ್ಲೇ ಇರಬೇಕು. ಅದನ್ನು ತೆಗೆದು ನೋಡಲು ಯಾವ ದೇಶದ ಕಾನೂನೂ ತಿದ್ದುಪಡಿಯಾಗಬೇಕಿಲ್ಲ.